ಸಾಕ್ಷ್ಯಚಿತ್ರಗಳ ಛಾಯಾಗ್ರಾಹಕರು ನಿರ್ದೇಶಕರಾಗಿ ಬೆಳೆಯಬಲ್ಲರೇ?

ಬೇರೆಯವರ ಸಾಕ್ಷ್ಯಚಿತ್ರಗಳಿಗೆ ಕ್ಯಾಮೆರಾ ಹಿಡಿದವರು ಮುಂದೆ ಸ್ವಂತ ಚಿತ್ರ ಮಾಡಬಲ್ಲರೇ ಎಂಬ ನಿಮ್ಮ ಪ್ರಶ್ನೆಗೆ, ಅಮೆರಿಕದ ಛಾಯಾಗ್ರಾಹಕಿ ಕರ್ಸ್ಟನ್ ಜಾನ್ಸನ್ ಅವರ ವೃತ್ತಿಜೀವನಕ್ಕಿಂತ ಒಳ್ಳೆಯ ಉತ್ತರ ನನಗೆ ತೋರುವುದಿಲ್ಲ.

1965ರಲ್ಲಿ ಹುಟ್ಟಿದ ಅವರು ಬ್ರೌನ್ ವಿಶ್ವವಿದ್ಯಾಲಯದಲ್ಲಿ ಓದಿ, ಪ್ಯಾರಿಸ್ಸಿನ ಲಾ ಫೆಮಿಸ್ ಶಾಲೆಯಲ್ಲಿ ಛಾಯಾಗ್ರಹಣ ಕಲಿತರು. ನಡುನಡುವೆ ನಿರ್ದೇಶನಕ್ಕೂ ಕೈಹಾಕಿದರಾದರೂ ಹೆಚ್ಚಿನ ದುಡಿಮೆ ಇತರರ ಚಿತ್ರಗಳಿಗೇ ಸಂದಿತು. ಸಾಕ್ಷ್ಯಚಿತ್ರ ನಿರ್ದೇಶಕಿ ಲಾರಾ ಪಾಯ್ಟ್ರಸ್ ಅವರ ‘ದಿ ಓತ್’ (2010), ‘ಸಿಟಿಜನ್‌ಫೋರ್’ (2014) ಚಿತ್ರಗಳಲ್ಲಿ ಅವರ ಕೆಲಸವಿದೆ.

ಹೀಗೆ ದಶಕಗಳ ಕಾಲ ಬೋಸ್ನಿಯಾ, ನೈಜೀರಿಯಾ ಮೊದಲಾದೆಡೆ ಚಿತ್ರೀಕರಿಸಿದ ತುಣುಕುಗಳನ್ನೇ, ವಿವರಣೆಯ ಧ್ವನಿಯಿಲ್ಲದೆ ಜೋಡಿಸಿ, 2016ರಲ್ಲಿ ‘ಕ್ಯಾಮೆರಾಪರ್ಸನ್’ ಎಂಬ ಚಿತ್ರವನ್ನು ಕಟ್ಟಿದರು. ಅದರ ಆರಂಭದಲ್ಲಿಯೇ ಬೋಸ್ನಿಯಾದ ದೃಶ್ಯವೊಂದರಲ್ಲಿ ಲೆನ್ಸಿಗೆ ಅಡ್ಡವಾದ ಹುಲ್ಲನ್ನು ಅವರ ಕೈ ಕಿತ್ತುಹಾಕುತ್ತದೆ. ಮಿಸೌರಿಯ ಬಯಲಿನಲ್ಲಿ ಮಿಂಚು ಹೊಡೆದ ಮೇಲೆ ಅವರು ಸೀನುತ್ತಾರೆ, ಇಡೀ ಚೌಕಟ್ಟು ಅಲುಗುತ್ತದೆ. ಸಾಮಾನ್ಯವಾಗಿ ಸಂಕಲನದಲ್ಲಿ ಕತ್ತರಿಸಿ ಎಸೆಯುವ ಇಂಥ ಕ್ಷಣಗಳೇ ಇಲ್ಲಿ ಕ್ಯಾಮೆರಾದ ಹಿಂದೊಬ್ಬ ಮನುಷ್ಯರಿದ್ದಾರೆ ಎಂಬುದನ್ನು ಕಾಣಿಸುತ್ತವೆ. ಛಾಯಾಗ್ರಾಹಕಿಯಾಗಿ ನಿಂತ ಅನುಭವವಿಲ್ಲದ ನಿರ್ದೇಶಕರಿಗೆ ಈ ಚಿತ್ರ ಹೊಳೆಯುತ್ತಿರಲಿಲ್ಲವೆಂದು ನಾನು ದೃಢವಾಗಿ ನಂಬಿದ್ದೇನೆ.

ಅಲ್ಜೈಮರ್ ಕಾಯಿಲೆಯಿದ್ದ ತಾಯಿಯ ಕೆಲವು ದೃಶ್ಯಗಳೂ ಇದರಲ್ಲಿವೆ. ತಂದೆ ಡಿಕ್ ಅವರಿಗೂ ಮರೆವು ಕಾಡತೊಡಗಿದಾಗ, ಅವರು ಬದುಕಿರುವಾಗಲೇ ಅವರ ಸಾವನ್ನು ಬಗೆಬಗೆಯಾಗಿ ಅವರಿಂದಲೇ ಅಭಿನಯ ಮಾಡಿಸಿ, ‘ಡಿಕ್ ಜಾನ್ಸನ್ ಈಸ್ ಡೆಡ್’ (2020) ಮಾಡಿದರು. ಅದರ ನಿರ್ದೇಶನಕ್ಕೆ 2021ರಲ್ಲಿ ಅಮೆರಿಕದ ಟಿವಿ ಲೋಕದ ಎಮ್ಮಿ ಪ್ರಶಸ್ತಿ ಬಂದಿತು.