ಇಲ್ಲೇ ಹುಟ್ಟಿದ ಮಗನೂ ಹೊರಗಿನವನೇ?

ಪ್ರಶ್ನೆ: ಅಕ್ಕನವರೇ, ನಾನು ಹುನಗುಂದ ತಾಲ್ಲೂಕಿನವನು. 2006ರಲ್ಲಿ ಗೌಂಡಿ ಕೆಲಸಕ್ಕೆಂದು ಗೋವೆಯ ವಾಸ್ಕೋಗೆ ಬಂದೆ. ಕೊಂಕಣಿ ಕಲಿತೆ, ಮೀನು ತಿನ್ನಲು ಕಲಿತೆ, ಚೌತಿಯಲ್ಲಿ ನೆರೆಮನೆಯ ಗಣಪತಿಯ ಮೇಲೆ ಮಾಟೋಳಿ, ಅಂದರೆ ಹಣ್ಣು-ಕಾಯಿಗಳ ಚಪ್ಪರ, ಕಟ್ಟಲು ಕೈಜೋಡಿಸಿದೆ. ಈ ಊರು ನನ್ನದಾಗುತ್ತಿದೆ ಎಂದು ಹಿಗ್ಗಿದ್ದೆ. ಆಮೇಲೆ ಬಾಡಿಗೆಗೆ ಮನೆ ಕೇಳಿದರೆ, ಯಾವ ಊರಿನವನೆಂದು ತಿಳಿದೊಡನೆ ಇಲ್ಲವೆನ್ನತೊಡಗಿದರು. ಎಲ್ಲೋ ಕಳ್ಳತನವಾದರೆ ವಿಚಾರಣೆ ನಮ್ಮ ಓಣಿಯಿಂದಲೇ ಶುರು. ಈಚೆಗೆ, ನಾನೇ ಗೋಡೆ ಕಟ್ಟಿಕೊಟ್ಟ ಮನೆಯವರು ನನ್ನ ಮಗನನ್ನು ‘ಘಾಂಟಿ’ (ಘಟ್ಟದಾಚೆಯವನು) ಎಂದು ಬೈದರು. ಅವನು ಇಲ್ಲೇ ಹುಟ್ಟಿ ಬೆಳೆದವನು. ಊರಿಗೆ ಮರಳಿಬಿಡಲೇ?

ಉತ್ತರ: ತಮ್ಮಾ, ನಿಮ್ಮ ಪತ್ರ ಓದಿ ಸಿಟ್ಟು ಬಂತು. ಹುಡುಗನನ್ನು ಹಾಗೆ ಬೈದದ್ದಕ್ಕೆ ನಾನು ಯಾವ ಸಮಜಾಯಿಷಿಯನ್ನೂ ಕೊಡುವುದಿಲ್ಲ. ಆದರೆ ನಿಮ್ಮಲ್ಲೇ ಏನೋ ಕೊರತೆಯಿದೆ ಎಂದು ಕೊರಗಬೇಡಿ. ಧಾರವಾಡದಿಂದ ಮಡಗಾಂವಿಗೆ ಸೊಸೆಯಾಗಿ ಬಂದ ನನಗೆ ಇದು ಅರ್ಥವಾಗಲು ಬಹಳ ಕಾಲ ಹಿಡಿಯಿತು. ಗೋವೆಯ ಹಳೆಯ ಹಳ್ಳಿಗಳಲ್ಲಿ ಊರೊಟ್ಟಿನ ಜಮೀನು ಕೊಮುನಿದಾದ್ ಎಂಬ ಸಂಸ್ಥೆಯದು. ಅದರ ಸದಸ್ಯರಾದ ಗಾಂವ್ಕಾರರೆಂದರೆ ಊರಿನ ಮೂಲ ಮನೆತನಗಳ ಗಂಡು ಸಂತತಿ. ಪಕ್ಕದ ಹಳ್ಳಿಯಿಂದ ಬಂದು ನೆಲೆಸಿದ ಗೋವೆಯವರೂ ಅಲ್ಲಿ ಗಾಂವ್ಕಾರರಾಗುವುದಿಲ್ಲ. ಕೊಂಕಣಿ ಎಷ್ಟು ಚೆನ್ನಾಗಿ ಬಂದರೇನು, ಆ ಲೆಕ್ಕದಲ್ಲಿ ನಿಮಗೂ ನನಗೂ ಜಾಗವಿಲ್ಲ.

ನನಗೆ ಹೆಚ್ಚು ನೋಯುವುದು ಬೇರೆ ಸಂಗತಿ. ಈ ಗೋವೆಯವರ ಹಿರಿಯರೂ ಹೊಟ್ಟೆಪಾಡಿಗೆ ಮುಂಬೈಗೆ ಹೋದವರೇ. ಧೋಬಿ ತಲಾವಿನ ಸುತ್ತಮುತ್ತ ಒಂದೊಂದು ಹಳ್ಳಿಯವರು ತಮ್ಮದೇ ‘ಕೂಡ್’ (ಊರವರು ಒಟ್ಟಾಗಿ ತಂಗುವ ಮನೆ) ಮಾಡಿಕೊಂಡು, ಹಡಗಿನ ಕೆಲಸ ಸಿಗುವವರೆಗೆ ಅಲ್ಲಿ ಒತ್ತೊತ್ತಾಗಿ ಮಲಗುತ್ತಿದ್ದರು. ಪರಸ್ಥಳದ ಕಷ್ಟ ಬಲ್ಲ ಮನೆಗಳಿಂದಲೇ ಇಂಥ ಮಾತು ಬರಬಾರದಿತ್ತು. ಎಲ್ಲರೂ ಹಾಗಿಲ್ಲ, ನಿಮ್ಮ ನೆರೆಯವರೇ ಸಾಕ್ಷಿ. ಆ ಸ್ನೇಹವನ್ನು ಸಿಟ್ಟಿನಲ್ಲಿ ಕಳೆದುಕೊಳ್ಳಬೇಡಿ.

ಮರಳುವ ಮೊದಲು ಮಗನನ್ನು ಕೇಳಿದಿರಾ? ಹುನಗುಂದ ನಿಮಗೆ ತವರು, ಅವನಿಗೆ ರಜೆಯಲ್ಲಿ ಹೋಗುವ ಅಜ್ಜನ ಊರು. ಅವನ ಓದು, ಗೆಳೆಯರು ಎಲ್ಲ ಇಲ್ಲಿವೆ. ಗೋವೆಯ ಸರ್ಕಾರಿ ನೌಕರಿಗೆ 15 ವರ್ಷ ವಾಸದ ಪ್ರಮಾಣಪತ್ರ ಬೇಕು, ಕೊಂಕಣಿ ಬರಬೇಕು. ಅವನಿಗೆ ಎರಡೂ ಸಾಧ್ಯ. ಊರಿನವರ ಒಲವು ಕೇಳಿ ಪಡೆಯುವಂಥದ್ದಲ್ಲ, ಈ ಪ್ರಮಾಣಪತ್ರ ಕೇಳಿಯೇ ಪಡೆಯಬೇಕಾದ ಹಕ್ಕು. ಜನನ ಪ್ರಮಾಣಪತ್ರ, ಶಾಲೆಯ ದಾಖಲೆಗಳು, ಪಡಿತರ ಚೀಟಿ ಒಟ್ಟುಮಾಡಿಕೊಂಡು ಮಾಮಲೇದಾರರ (ನಮ್ಮಲ್ಲಿನ ತಹಶೀಲ್ದಾರರ) ಕಚೇರಿಗೆ ಹೋಗಿ. ಜೊತೆಗೆ ಮಗನನ್ನೂ ಕರೆದೊಯ್ಯಿರಿ, ಅರ್ಜಿಯನ್ನು ಅವನೇ ಬರೆಯಲಿ.