ಓ ಎಂದರೆ ಅಕ್ಷರವೋ, ಸೊನ್ನೆಯೋ?

ಪ್ರಶ್ನೆ: ಅರ್ಜಿ ಸಲ್ಲಿಸಿದವರಿಗೆ ನಮ್ಮ ತಂತ್ರಾಂಶ ಎಂಟು ಅಕ್ಷರಗಳ ಕೋಡ್ ಒಂದನ್ನು ಕೊಡುತ್ತದೆ. ಇಂಗ್ಲಿಷಿನ 26 ದೊಡ್ಡಕ್ಷರಗಳು ಮತ್ತು ಹತ್ತು ಅಂಕಿಗಳಿಂದ ಯಾದೃಚ್ಛಿಕವಾಗಿ ಆಯ್ದದ್ದು. ಫೋನಿನಲ್ಲಿ ಅದನ್ನು ಓದಿಸಿಕೊಳ್ಳುವಾಗ ಸೊನ್ನೆಯೋ ಓ ಅಕ್ಷರವೋ ಎಂಬ ಗೊಂದಲ ದಿನವೂ ಇದ್ದದ್ದೇ. ಹೋದ ತಿಂಗಳು ಒಬ್ಬರ ಕೋಡ್‌ನಲ್ಲಿ ಅಸಭ್ಯ ಪದವೊಂದು ತಾನಾಗಿ ಮೂಡಿತು. ನಾವು ಬೇಕೆಂದೇ ಬೈದಿದ್ದೇವೆ ಎಂದು ಅವರು ತಿಳಿದುಕೊಂಡರು. ಯಾವ ಅಕ್ಷರಗಳನ್ನು ತೆಗೆಯಬೇಕು? ತೆಗೆದರೆ ಕೋಡ್‌ಗಳು ಸಾಲದೇ ಹೋಗುವುದಿಲ್ಲವೇ? ಬೈಗುಳಗಳ ಪಟ್ಟಿ ಇಟ್ಟುಕೊಂಡು ಸೋಸಿದರೆ ಸಾಕೇ?

ಉತ್ತರ: ಕೊನೆಯ ಪ್ರಶ್ನೆಗೆ ಮೊದಲು ಉತ್ತರ ಹೇಳಿಬಿಡುತ್ತೇನೆ: ಸಾಲದು. ಬೈಗುಳಗಳ ಪಟ್ಟಿ ಎಂದೂ ಮುಗಿಯುವುದಿಲ್ಲ. ನೀವು ಇಂಗ್ಲಿಷ್ ಪದಗಳನ್ನು ಸೋಸಿದರೆ ಇಂಗ್ಲಿಷ್ ಲಿಪಿಯಲ್ಲೇ ಬರೆದ ಕನ್ನಡದ ಬೈಗುಳ ನುಸುಳುತ್ತದೆ. ಅದನ್ನೂ ಸೇರಿಸಿದರೆ ಇನ್ನೊಂದು ಭಾಷೆಯದು ಕಾದಿರುತ್ತದೆ. ಮೇಲಾಗಿ ಜನ 4 ಅನ್ನು ಎ ಎಂದೂ 3 ಅನ್ನು ತಿರುಗಿಸಿ ಇ ಎಂದೂ ಓದಿಕೊಳ್ಳುತ್ತಾರೆ. ಕಣ್ಣಿಗೆ ಪದ ಹುಡುಕುವುದೇ ಚಾಳಿ. ಹಾಗಾಗಿ ಪದ ಹುಟ್ಟುವ ದಾರಿಯನ್ನೇ ಮುಚ್ಚಬೇಕು, ಅಂದರೆ ಸ್ವರಗಳನ್ನು ತೆಗೆಯಬೇಕು. ಎ, ಇ, ಐ, ಓ, ಯು ಹೋದರೆ ಉಚ್ಚರಿಸಲು ಬರುವ ಪದಗಳು ಬಹುಮಟ್ಟಿಗೆ ಹೋದಂತೆ. ಗೂಗಲ್‌ನ ಪ್ಲಸ್ ಕೋಡ್‌ಗಳು ಮಾಡಿರುವುದೂ ಇದನ್ನೇ: 2ರಿಂದ 9ರವರೆಗಿನ ಅಂಕಿಗಳು, ಹನ್ನೆರಡು ವ್ಯಂಜನಗಳು, ಒಟ್ಟು 20ರಲ್ಲೇ ಭೂಮಿಯ ಮೇಲಿನ ಎಲ್ಲ ಜಾಗಗಳ ಸಂಸಾರ. ನೀವು ಪಟ್ಟಿಯನ್ನೂ ಇಟ್ಟುಕೊಳ್ಳಿ, ಬೇಡ ಎನ್ನುವುದಿಲ್ಲ. ಸ್ವರವಿಲ್ಲದ ಬೈಗುಳ ಸಂಕ್ಷೇಪಗಳೂ ಚಲಾವಣೆಯಲ್ಲಿವೆ, ಅವುಗಳ ಮಟ್ಟಿಗೆ ಅದು ಉಪಯೋಗಕ್ಕೆ ಬರುತ್ತದೆ.

ಹದಿನಾರರ ಪದ್ಧತಿಯಲ್ಲಿ, ಅಂದರೆ ಅಂಕಿಗಳ ಜೊತೆಗೆ ಎ ಯಿಂದ ಎಫ್‌ವರೆಗೆ ಆರೇ ಅಕ್ಷರಗಳಿರುವಲ್ಲಿ, ಈ ಕಾಟವಿಲ್ಲ ಎಂದು ಕೆಲವರು ನಂಬಿದ್ದಾರೆ. ಆ ಆರರಲ್ಲಿ ಎರಡು ಸ್ವರಗಳಿವೆ. ‘ಡೆಡ್’ ಎಂದೂ ‘ಬ್ಯಾಡ್’ ಎಂದೂ ಬರೆಯಲು ಅಷ್ಟು ಸಾಕು. ರೋಗಿಯೊಬ್ಬರ ಕಡತದ ಸಂಖ್ಯೆಯಲ್ಲಿ ‘ಡೆಡ್’ ಎಂದು ಮೂಡಿದರೆ ನಗುವವರು ಯಾರು?

ಈಗ ಹೋಲುವ ಅಕ್ಷರಗಳ ವಿಷಯ. ಈ ಕೆಲಸಕ್ಕೆ ಸೇರಿದ ಹೊಸತರಲ್ಲಿ ಒಂದು ದಿನ ಸಹಾಯವಾಣಿಯ ಫೋನಿನ ಮುಂದೆ ಕುಳಿತಿದ್ದೆ. ಹಿರಿಯರೊಬ್ಬರು ತಮ್ಮ ಕೋಡ್ ಓದುತ್ತಿದ್ದರು. ಐ ಎಂದರು, ಒತ್ತಿದೆ, ತಪ್ಪು ಎಂದು ಬಂತು. ‘ಒಂದು ಇರಬಹುದೇ?’ ಎಂದು ಕೇಳಿದೆ. ‘ಇರಬಹುದು’ ಎಂದರು. ಅದೂ ತಪ್ಪು. ಮೂರನೆಯ ಸಲ ಕೇಳಿದಾಗ ಅವರಿಗೆ ಬೇಸರ ಬಂದು, ‘ಒಂದು ನಿಂತ ಗೆರೆ ಕಣಪ್ಪಾ, ಅಷ್ಟೇ ಇರುವುದು ಇಲ್ಲಿ’ ಎಂದರು. ಅವರು ಹೇಳಿದ್ದು ನೂರಕ್ಕೆ ನೂರು ಸರಿ. ಅದು ಸಣ್ಣ ಎಲ್ ಆಗಿತ್ತು. ಒಂದೇ ನಿಂತ ಗೆರೆಗೆ ಮೂರು ಅರ್ಥ ಕೊಟ್ಟವರು ನಾವು.

ಸೊನ್ನೆ, 1 ಎರಡನ್ನೂ ತೆಗೆಯಿರಿ, ಎಲ್ ಅನ್ನೂ ತೆಗೆಯಿರಿ. ಓ ಮತ್ತು ಐ ಸ್ವರಗಳ ಜೊತೆಗೆ ಆಗಲೇ ಹೋಗಿವೆ. ಮುಂದಿನ ಜೋಡಿಗಳು 5 ಮತ್ತು ಎಸ್, 8 ಮತ್ತು ಬಿ, 2 ಮತ್ತು ಜೆಡ್. ಅಂಕಿಗಳನ್ನು ಉಳಿಸಿಕೊಂಡು ಅಕ್ಷರಗಳನ್ನು ಬಿಡಿ. ಇಲ್ಲಿಗೆ 25 ಉಳಿದವು. ಇನ್ನೂ ಎರಡನ್ನು ತೆಗೆಯಿರಿ ಎನ್ನುತ್ತೇನೆ: 6ರಂತೆ ಕಾಣುವ ಜಿ, ಕೈಬರಹದಲ್ಲಿ ವೈ ಜೊತೆ ಬೆರೆತುಹೋಗುವ ವಿ. ಉಳಿಯುವುದು 2ರಿಂದ 9, ಮತ್ತು ಸಿ, ಡಿ, ಎಫ್, ಎಚ್, ಜೆ, ಕೆ, ಎಂ, ಎನ್, ಪಿ, ಕ್ಯೂ, ಆರ್, ಟಿ, ಡಬ್ಲ್ಯು, ಎಕ್ಸ್, ವೈ. ಒಟ್ಟು 23. ಈ 23ಕ್ಕೆ ಬಂದು ನಿಲ್ಲಲು ಇನ್ನೊಂದು ಕಾರಣವಿದೆ, ಸ್ವಲ್ಪ ತಾಳಿ.

ಕೋಡ್‌ಗಳು ಸಾಲವು ಎಂಬ ಭಯ ಬೇಡ. 36 ಅಕ್ಷರಗಳಲ್ಲಿ ಎಂಟು ಸ್ಥಾನಗಳಿಗೆ ಸುಮಾರು 2.8 ಲಕ್ಷ ಕೋಟಿ ಕೋಡ್‌ಗಳು ಸಿಗುತ್ತವೆ. 23ರಲ್ಲಿ ಅದು 7,831 ಕೋಟಿಗೆ ಇಳಿಯುತ್ತದೆ. ಇಳಿದದ್ದು ಹೌದು, ಆದರೆ ನಿಮ್ಮ ಅರ್ಜಿದಾರರ ಸಂಖ್ಯೆ ಎಷ್ಟು? ಹೆಚ್ಚು ಬೇಕೆಂದರೆ ಒಂದು ಸ್ಥಾನ ಸೇರಿಸಿ, 23 ಪಟ್ಟು ಬೆಳೆಯುತ್ತದೆ. ನಿಜವಾದ ತೊಂದರೆ ಬೇರೆಯದು. ಯಾದೃಚ್ಛಿಕವಾಗಿ ಆಯುವಾಗ ಒಂದೇ ಕೋಡ್ ಇಬ್ಬರಿಗೆ ಬೀಳುವ ಸಾಧ್ಯತೆ ನಾವು ಊಹಿಸುವುದಕ್ಕಿಂತ ಬಹಳ ಬೇಗ ಬರುತ್ತದೆ. ಇಪ್ಪತ್ಮೂರು ಜನರಿರುವ ಕೋಣೆಯಲ್ಲಿ ಇಬ್ಬರ ಹುಟ್ಟಿದ ದಿನ ಒಂದೇ ಆಗಿರುವ ಸಾಧ್ಯತೆ ಅರ್ಧಕ್ಕಿಂತ ಹೆಚ್ಚು ಎನ್ನುತ್ತಾರಲ್ಲ, ಅದೇ ಲೆಕ್ಕ. 7,831 ಕೋಟಿಯಲ್ಲೂ ಸುಮಾರು 3.3 ಲಕ್ಷ ಕೋಡ್ ಕೊಡುವ ಹೊತ್ತಿಗೆ ಎಲ್ಲೋ ಒಂದು ಕಡೆ ಡಿಕ್ಕಿಯಾಗುವ ಸಂಭವ ಅರ್ಧಕ್ಕರ್ಧ. ಆದ್ದರಿಂದ ಡೇಟಾಬೇಸ್‌ನಲ್ಲಿ ಆ ಕಾಲಂ ಪುನರಾವರ್ತನೆಯನ್ನು ಒಪ್ಪದಂತೆ ಮಾಡಿ, ಡಿಕ್ಕಿಯಾದರೆ ಮತ್ತೊಂದು ಕೋಡ್ ಆಯಿರಿ. ಎರಡು ಸಾಲಿನ ಕೆಲಸ.

ಅಕ್ಷರ ತೆಗೆಯುವುದು ಸುಲಭದ ಅರ್ಧ ಭಾಗ, ಬಹಳ ಜನ ಅಲ್ಲಿಗೇ ಕೈ ತೊಳೆದುಕೊಳ್ಳುತ್ತಾರೆ. ಓದಿ ಹೇಳುವವರು, ಕೇಳಿ ಬರೆಯುವವರು, ನೋಡಿ ಒತ್ತುವವರು ಇನ್ನೂ ತಪ್ಪುತ್ತಲೇ ಇರುತ್ತಾರೆ. ಅಲ್ಲಿ ಎರಡು ಕೆಲಸಗಳಿವೆ.

ಒಂದು, ಒಳಬರುವಾಗ ಉದಾರವಾಗಿರುವುದು. ಡಗ್ಲಸ್ ಕ್ರಾಕ್‌ಫರ್ಡ್ ರೂಪಿಸಿದ 32 ಅಕ್ಷರಗಳ ಪದ್ಧತಿಯಲ್ಲಿ ಐ, ಎಲ್, ಓ, ಯು ಇಲ್ಲ. ಆದರೆ ಯಾರಾದರೂ ಓ ಒತ್ತಿದರೆ ಅದನ್ನು ಸೊನ್ನೆ ಎಂದೂ, ಐ ಅಥವಾ ಎಲ್ ಒತ್ತಿದರೆ 1 ಎಂದೂ ಅದು ಸುಮ್ಮನೆ ಓದಿಕೊಳ್ಳುತ್ತದೆ. ಯು ಬಿಟ್ಟದ್ದು ಅಸಭ್ಯ ಪದಗಳ ಭಯಕ್ಕೆ. ನಿಮ್ಮಲ್ಲೂ ಹಾಗೆಯೇ ಎಸ್ ಬಂದರೆ 5, ಬಿ ಬಂದರೆ 8, ಜೆಡ್ ಬಂದರೆ 2, ಜಿ ಬಂದರೆ 6 ಎಂದು ತಿದ್ದಿಕೊಳ್ಳಿ. ಸಣ್ಣಕ್ಷರ, ಖಾಲಿ ಜಾಗ, ಅಡ್ಡಗೆರೆ ಏನು ಬಂದರೂ ಗೊಣಗಬೇಡಿ. ಅಡ್ಡಗೆರೆಯಿಂದಾಗಿ ‘ಅಮಾನ್ಯ ಸಂಖ್ಯೆ’ ಎನ್ನುವ ಪುಟ ಕಂಡರೆ ಈಗಲೂ ನನಗೆ ಮೈ ಉರಿಯುತ್ತದೆ. ಆ ಅಡ್ಡಗೆರೆ ಮುದ್ರಿಸಿ ಕೊಟ್ಟವರು ಯಾರು?

ಇನ್ನೊಂದು, ತಾಳೆ ಅಕ್ಷರ. ಕೊನೆಯಲ್ಲಿ ಒಂದು ಅಕ್ಷರ ಸೇರಿಸಿ, ಅದು ಹಿಂದಿನ ಎಲ್ಲವುಗಳಿಂದ ಲೆಕ್ಕ ಹಾಕಿ ಬಂದಿರಬೇಕು. ಕ್ರೆಡಿಟ್ ಕಾರ್ಡ್ ಸಂಖ್ಯೆಗಳಲ್ಲಿರುವ ಇಂಥ ಲೆಕ್ಕ ಐಬಿಎಂನ ಹ್ಯಾನ್ಸ್ ಪೀಟರ್ ಲೂನ್ ಅವರದು, 1960ರಲ್ಲಿ ಪೇಟೆಂಟ್ ಪಡೆದದ್ದು. ಒಂದು ಅಂಕಿ ತಪ್ಪಿದರೆ ಅದು ಖಂಡಿತ ಹಿಡಿಯುತ್ತದೆ. ಅಕ್ಕಪಕ್ಕದವು ಅದಲುಬದಲಾದರೂ ಹಿಡಿಯುತ್ತದೆ, 09 ಮತ್ತು 90ರ ಅದಲುಬದಲನ್ನು ಮಾತ್ರ ಬಿಟ್ಟುಬಿಡುತ್ತದೆ. ಪುಸ್ತಕಗಳ ಮೇಲಿನ ಗುರುತಿನ ಸಂಖ್ಯೆ, ಹಳೆಯ ಹತ್ತಂಕಿಯ ಐಎಸ್‌ಬಿಎನ್, ಅದನ್ನೂ ಹಿಡಿಯುತ್ತಿತ್ತು. ಏಕೆಂದರೆ ಅದು 11ರಿಂದ ಭಾಗಿಸುತ್ತದೆ, 11 ಅವಿಭಾಜ್ಯ ಸಂಖ್ಯೆ. ಅದಕ್ಕೆ ತೆತ್ತ ಬೆಲೆಯೆಂದರೆ ಶೇಷ 10 ಬಂದಾಗ ಬರೆಯಲು ಅಂಕಿಯಿಲ್ಲದೆ ಎಕ್ಸ್ ಎಂದು ಬರೆಯಬೇಕಾದದ್ದು. ಈಗ ನಮ್ಮ 23ಕ್ಕೆ ಬನ್ನಿ. 23 ಕೂಡ ಅವಿಭಾಜ್ಯ. ಶೇಷ 0ಯಿಂದ 22ರವರೆಗೆ ಏನೇ ಬಂದರೂ ಬರೆಯಲು ನಮ್ಮಲ್ಲಿ ಅಕ್ಷರವಿದೆ, ಹೊರಗಿನಿಂದ ಎರವಲು ತರಬೇಕಿಲ್ಲ.

ಮಾಡಿ ನೋಡೋಣ. 2ಕ್ಕೆ ಬೆಲೆ 0, 3ಕ್ಕೆ 1, ಹೀಗೆ 9ಕ್ಕೆ 7. ಮುಂದೆ ಸಿಗೆ 8, ಡಿಗೆ 9 ಎನ್ನುತ್ತಾ ವೈಗೆ 22. ಕೋಡ್ ಹೀಗಿದೆ ಎನ್ನಿ: 7, ಕೆ, 4, ಟಿ, ಆರ್, 9, 3, ಎಚ್. ಬೆಲೆಗಳು 5, 13, 2, 19, 18, 7, 1, 11. ಮೊದಲನೆಯದನ್ನು 1ರಿಂದ, ಎರಡನೆಯದನ್ನು 2ರಿಂದ, ಎಂಟನೆಯದನ್ನು 8ರಿಂದ ಗುಣಿಸುತ್ತಾ ಕೂಡಿದರೆ 340. ಅದನ್ನು 23ರಿಂದ ಭಾಗಿಸಿದರೆ ಶೇಷ 18, ಅಂದರೆ ಆರ್. ಒಂಬತ್ತನೆಯ ಅಕ್ಷರ ಆರ್. ಈಗ ಒತ್ತುವವರು ಅವಸರದಲ್ಲಿ 93ರ ಬದಲು 39 ಒತ್ತಿದರು ಎನ್ನಿ. ಮೊತ್ತ 346 ಆಗುತ್ತದೆ, ಶೇಷ 1, ಅಂದರೆ ಕೊನೆಯಲ್ಲಿ 3 ಇರಬೇಕಿತ್ತು. ಇರುವುದು ಆರ್. ಡೇಟಾಬೇಸ್ ಮುಟ್ಟುವ ಮೊದಲೇ ಪರದೆಯ ಮೇಲೆ ‘ಮತ್ತೊಮ್ಮೆ ನೋಡಿ’ ಎನ್ನಬಹುದು. ಒಂದು ಅಕ್ಷರದ ತಪ್ಪು, ಯಾವುದೇ ಎರಡರ ಅದಲುಬದಲು, ಇವೆರಡೂ ಈ ಲೆಕ್ಕದಿಂದ ತಪ್ಪಿಸಿಕೊಳ್ಳಲಾರವು.

ನಿಮ್ಮ ಕೆಲಸ ಮುಕ್ಕಾಲು ಪಾಲು ಫೋನಿನಲ್ಲೇ ನಡೆಯುವುದಾದರೆ ಇಷ್ಟೆಲ್ಲ ಬಿಟ್ಟು ಬರೀ ಅಂಕಿಗಳಿಗೆ ಹೋಗುವುದೇ ವಾಸಿ. ಸಿ, ಡಿ, ಪಿ, ಟಿ ಫೋನಿನಲ್ಲಿ ಒಂದೇ ತಾಯಿಯ ಮಕ್ಕಳಂತೆ ಕೇಳಿಸುತ್ತವೆ, ಎಂ ಮತ್ತು ಎನ್ ಅವಳಿಜವಳಿ. ಅಂಕಿಗಳಲ್ಲಿ ಕೋಡ್ ಉದ್ದವಾಗುತ್ತದೆ, ಮೂರು ಮೂರಾಗಿ ಬಿಡಿಸಿ ಮುದ್ರಿಸಿ. ಒಂದೇ ಅಂಕಿ ಸಾಲಾಗಿ ಮೂರು ಸಲ ಬರದಂತೆ ನೋಡಿಕೊಳ್ಳಿ. ‘ಡಬಲ್ ಟೂ’ ಎಂದು ಹೇಳಿದ ಮೇಲೆ ಇನ್ನೊಂದು ‘ಟೂ’ ಬಂದರೆ ಕೇಳಿದವರ ಲೆಕ್ಕ ತಪ್ಪುತ್ತದೆ.

ಈಗಾಗಲೇ ಕೊಟ್ಟಿರುವ ಕೋಡ್‌ಗಳನ್ನು ಬದಲಿಸಲು ಹೋಗಬೇಡಿ. ಹಳೆಯದು ಎಂಟು, ಹೊಸದು ಒಂಬತ್ತು. ಉದ್ದ ನೋಡಿಯೇ ಯಾವುದು ಯಾವ ಕಾಲದ್ದು ಎಂದು ತಿಳಿಯುತ್ತದೆ. ಮೇಲೆ ಹೇಳಿದ ತಿದ್ದುಪಡಿಗಳನ್ನು ಒಂಬತ್ತರದ್ದಕ್ಕೆ ಮಾತ್ರ ಅನ್ವಯಿಸಿ. ಹಳೆಯದರಲ್ಲಿ ಎಸ್ ನಿಜವಾಗಿಯೂ ಎಸ್ ಆಗಿರಬಹುದು.

ಪ್ರಶ್ನೆ: ನಮ್ಮ ಕೋಡ್‌ಗಳು ಸ್ಪ್ರೆಡ್‌ಶೀಟ್‌ಗೆ ಹೋದ ಕೂಡಲೇ ಕೆಡುತ್ತವೆ. ಮುಂದಿನ ಸೊನ್ನೆಗಳು ಮಾಯ, ಕೆಲವು ದಿನಾಂಕಗಳಾಗುತ್ತವೆ. ತಪ್ಪು ನಮ್ಮದೇ?

ಉತ್ತರ: ಅರ್ಧ ನಿಮ್ಮದು. ಸ್ಪ್ರೆಡ್‌ಶೀಟ್‌ಗೆ ಎಲ್ಲವೂ ಸಂಖ್ಯೆ ಅಥವಾ ದಿನಾಂಕವಾಗಿ ಕಾಣುತ್ತದೆ. ಎರಡು ಅಂಕಿಗಳ ನಡುವೆ ಇ ಬಂದರೆ ಅದನ್ನು ಹತ್ತರ ಘಾತ ಎಂದು ಓದಿ ದೊಡ್ಡ ಸಂಖ್ಯೆ ಮಾಡಿಬಿಡುತ್ತದೆ. ವಿಜ್ಞಾನಿಗಳೂ ಇದರಿಂದ ಪಾರಾಗಲಿಲ್ಲ. ‘ಮಾರ್ಚ್1’, ‘ಸೆಪ್ಟ್1’ ಎಂಬ ಹೆಸರಿನ ಮಾನವ ಜೀನ್‌ಗಳನ್ನು ಎಕ್ಸೆಲ್ ದಿನಾಂಕವಾಗಿ ತಿರುಗಿಸುತ್ತಿತ್ತು. ಕೊನೆಗೆ ಜೀನ್‌ಗಳಿಗೆ ಹೆಸರಿಡುವ ಸಮಿತಿಯೇ ಸೋತು ಅಂಥ ಹೆಸರುಗಳನ್ನು ಬದಲಿಸಿತು. 2020ರಲ್ಲಿ ಪ್ರಕಟವಾದ ಅದರ ಮಾರ್ಗಸೂಚಿಯಲ್ಲಿ ಇದು ದಾಖಲಾಗಿದೆ. ಮೇಲಿನ 23ರಲ್ಲಿ ಸೊನ್ನೆಯೂ ಇಲ್ಲ, ಇ ಕೂಡ ಇಲ್ಲ. ಇಂಗ್ಲಿಷಿನಲ್ಲಿ ಸ್ವರವಿಲ್ಲದ ತಿಂಗಳ ಹೆಸರೂ ಇಲ್ಲ. ಆದರೂ ಕಾಲಂ ಅನ್ನು ಪಠ್ಯ ಎಂದು ಗುರುತಿಸಿಯೇ ಒಳತನ್ನಿ.

ಪ್ರಶ್ನೆ: ಕೋಡ್‌ಗಳನ್ನು ಕನ್ನಡ ಅಕ್ಷರಗಳಲ್ಲೇ ಏಕೆ ಕೊಡಬಾರದು?

ಉತ್ತರ: ಕೊಡಬಹುದು, ನನಗೂ ಆಸೆಯಿದೆ. ಆದರೆ ನಮ್ಮ ಲಿಪಿಯಲ್ಲೂ ನಿಂತ ಗೆರೆಯ ಕಥೆಗಳಿವೆ. ಕನ್ನಡದ ಸೊನ್ನೆಗೂ ಅನುಸ್ವಾರಕ್ಕೂ ಕಣ್ಣಿಗೆ ವ್ಯತ್ಯಾಸವೇ ಇಲ್ಲ, ಕಂಪ್ಯೂಟರಿಗೆ ಅವು ಎರಡು ಬೇರೆ ಸಂಕೇತಗಳು. ‘ಕಾರ್ಯ’ ಎಂಬುದನ್ನು ‘ಕಾಯ೯’ ಎಂದು ಕನ್ನಡದ ಒಂಬತ್ತು ಹಾಕಿ ಬರೆಯುವವರನ್ನು ನೀವೂ ನೋಡಿದ್ದೀರಿ. ಅರ್ಕಾವತ್ತು ಅಷ್ಟರಮಟ್ಟಿಗೆ ಒಂಬತ್ತನ್ನು ಹೋಲುತ್ತದೆ. ಆದ್ದರಿಂದ ಒತ್ತಕ್ಷರ, ಕಾಗುಣಿತ, ಅನುಸ್ವಾರ ಯಾವುದೂ ಬೇಡ. ಬರೀ ಅಕಾರದ ವ್ಯಂಜನಗಳನ್ನು ತೆಗೆದುಕೊಳ್ಳಿ. ಅಲ್ಪಪ್ರಾಣ ಮಹಾಪ್ರಾಣಗಳು ಕಿವಿಗೆ ಒಂದೇ ಆಗುವುದರಿಂದ ಪ್ರತಿ ಜೋಡಿಯಲ್ಲಿ ಒಂದನ್ನೇ ಇಟ್ಟುಕೊಳ್ಳಿ. ಸಿಕ್ಕಿಬೀಳುವುದು ಪದಗಳಲ್ಲಿ: ಇಂಗ್ಲಿಷಿನಲ್ಲಿ ಸ್ವರ ತೆಗೆದು ಬಾಯಿ ಕಟ್ಟಬಹುದು, ಕನ್ನಡದ ವ್ಯಂಜನದೊಳಗೆ ಅಕಾರ ಅಡಗಿ ಕುಳಿತಿದೆ. ಮರ, ದನ, ನರಕ ಎಲ್ಲವೂ ತಾವಾಗಿಯೇ ಮೂಡುತ್ತವೆ. ಅದಕ್ಕೆ ಒಂದು ಅಕ್ಷರ, ಒಂದು ಅಂಕಿ ಎಂದು ಹೆಣೆಯಿರಿ. ಕೆನಡಾದ ಅಂಚೆ ಕೋಡ್ ಇರುವುದು ಹಾಗೆಯೇ. ಎರಡು ಅಕ್ಷರಗಳು ಪಕ್ಕಪಕ್ಕ ಬರದಿದ್ದರೆ ಪದ ಹುಟ್ಟುವುದಿಲ್ಲ, ಸೊನ್ನೆಯಂತೆ ಕಾಣುವುದು ಅಂಕಿಯ ಜಾಗದಲ್ಲಿದ್ದರೆ ಅದು ಸೊನ್ನೆಯೇ ಎಂದು ಕೇಳದೆಯೇ ತಿಳಿಯುತ್ತದೆ.