ಟ್ಯೂನ್ ಚೆನ್ನಾಗಿದೆ, ಮಾತು ಕೇಳಿಸ್ತಿಲ್ಲ

ಪ್ರಶ್ನೆ: ಸರ್, ಮೊದಲ ಸಲ ಒಂದು ಸಾಕ್ಷ್ಯಚಿತ್ರಕ್ಕೆ ಸಂಗೀತ ಮಾಡಿದ್ದೇನೆ. ಕೊಳಲಿನ ಟ್ಯೂನ್ ಎಲ್ಲರಿಗೂ ಇಷ್ಟವಾಗಿತ್ತು. ನಿರೂಪಣೆ ಸೇರಿಸಿದ ಮೇಲೆ ನಿರ್ದೇಶಕರು ವಾಲ್ಯೂಮ್ ಎಷ್ಟು ಇಳಿಸಿಬಿಟ್ಟರು ಅಂದರೆ, ಈಗ ಅದು ಇದೆಯೋ ಇಲ್ಲವೋ ಗೊತ್ತಾಗುತ್ತಿಲ್ಲ. ತಪ್ಪು ಎಲ್ಲಾಗಿದೆ?

ಉತ್ತರ: ನಿರ್ದೇಶಕರ ಮೇಲೆ ಸಿಟ್ಟು ಬೇಡ. ನೀವು ಹಾಡು ಮಾಡಿದ್ದೀರಿ, ಹಾಡುವವರ ಜಾಗದಲ್ಲಿ ಕೊಳಲು ಕೂರಿಸಿದ್ದೀರಿ ಅಂತ ನನ್ನ ಅನುಮಾನ. ಆದರೆ ಆ ಜಾಗದಲ್ಲಿ ಆಗಲೇ ಒಬ್ಬರು ಇದ್ದಾರಲ್ವಾ, ನಿರೂಪಕರು! ಸ, ತ, ಕ ಥರದ ಅಕ್ಷರಗಳು ಬಿಡಿಬಿಡಿಯಾಗಿ ಕೇಳಬೇಕಾದರೆ ಹೆಚ್ಚುಕಡಿಮೆ 1,000ದಿಂದ 4,000 ಹರ್ಟ್ಸ್ (ಸೆಕೆಂಡಿಗೆ ಅಷ್ಟು ಕಂಪನ) ನಡುವಿನ ಜಾಗ ಮಾತಿಗೆ ಬೇಕು, ಕೊಳಲು ಪಿಟೀಲು ಮೇಲಿನ ಸ್ಥಾಯಿಗೆ ಹೋದರೆ ಅಲ್ಲೇ ಬಂದು ಕೂರುತ್ತವೆ. ಆಗ ಯಾರಾದರೂ ಒಬ್ಬರು ಏಳಲೇಬೇಕು. ಏಳುವವರು ನೀವೇ.

ಮಾತು ಹಾಕಿಕೊಂಡೇ ಕಂಪೋಸ್ ಮಾಡಿ. ನಿರೂಪಕರ ದನಿ ಇನ್ನೂ ಬಂದಿಲ್ಲವಾ? ಸ್ಕ್ರಿಪ್ಟ್ ತರಿಸಿಕೊಂಡು ಫೋನಿನಲ್ಲಿ ನೀವೇ ಓದಿ ರೆಕಾರ್ಡ್ ಮಾಡಿ, ಓದು ಕೆಟ್ಟದಾಗಿದ್ದರೂ ಪರವಾಗಿಲ್ಲ. 'ಆ ರಾತ್ರಿ ನದಿ ದಿಕ್ಕು ಬದಲಿಸಿತು' ಅಂತ ಹೇಳಿ ಮಾತು ನಿಲ್ಲುತ್ತದೆ, ಆಮೇಲೆ ನಾಲ್ಕು ಸೆಕೆಂಡ್ ಬರೀ ನೀರು ಕಾಣುತ್ತದೆ ಅಂದುಕೊಳ್ಳಿ. ಮಾತು ಇರುವಷ್ಟು ಹೊತ್ತು ಕೆಳಗೆ ಚೆಲ್ಲೋ (ದೊಡ್ಡ ಪಿಟೀಲಿನಂಥ, ತಗ್ಗು ದನಿಯ ವಾದ್ಯ) ಒಂದೇ ಸ್ವರ ಹಿಡಿದಿರಲಿ. ಕೊಳಲು ಬರಬೇಕಾದ್ದು ಆ ನಾಲ್ಕು ಸೆಕೆಂಡಿನಲ್ಲಿ, ಅದೂ ಎರಡೇ ಸ್ವರ, ಯಾಕೆಂದರೆ ನೀರಿನ ಸದ್ದೂ ಅಲ್ಲಿ ಇರುತ್ತದೆ, ಅದನ್ನು ರೆಕಾರ್ಡ್ ಮಾಡಿದವರೂ ಕಷ್ಟಪಟ್ಟಿರುತ್ತಾರೆ.

ಇನ್ನೊಂದು. ಕೊಳಲು, ತಾಳವಾದ್ಯ, ಚೆಲ್ಲೋ ಬೇರೆ ಬೇರೆ ಫೈಲ್ ಮಾಡಿ ಕೊಡಿ. ಇದಕ್ಕೆ ಸ್ಟೆಮ್ ಅಂತಾರೆ. ಮಿಕ್ಸಿಂಗ್ ಮಾಡುವವರು ಆಗ ಕೊಳಲೊಂದನ್ನೇ ಇಳಿಸುತ್ತಾರೆ. ಎಲ್ಲ ಸೇರಿದ ಒಂದೇ ಫೈಲ್ ಕೊಟ್ಟರೆ ಪಾಪ, ಅವರಾದರೂ ಏನು ಮಾಡ್ತಾರೆ?

ಸಂದರ್ಶನದಲ್ಲಿ ಯಾರಾದರೂ ಅಳುವಾಗ ಮಾತ್ರ ಸುಮ್ನೆ ಇರಿ. ಅಲ್ಲಿ ಪಿಟೀಲು ಎಳೆಯುವುದು ನನಗಂತೂ ನೋಡುಗರ ಕೈ ತಿರುಚಿದ ಹಾಗೆ ಕಾಣುತ್ತದೆ.

ಪ್ರಶ್ನೆ: ಟಿವಿ ಸಂಚಿಕೆಗೆ ಅಳತೆ ಹಿಡಿದು ಮಾಡಿದ ಸಂಗೀತ, ಎಡಿಟರ್ ಹಾಕಿದಾಗ ಚಿತ್ರದ ಜೊತೆ ಕೂರುವುದೇ ಇಲ್ಲ. ಯಾಕೆ?

ಉತ್ತರ: ಮೊದಲು ಶ್ರುತಿ ನೋಡಿ. ಏರಿದೆಯಾ? ಹಾಗಾದರೆ ನೀವು 44,100 ಹರ್ಟ್ಸ್‌ ಸ್ಯಾಂಪಲ್ ರೇಟ್‌ನಲ್ಲಿ (ಇಲ್ಲಿ ಹರ್ಟ್ಸ್ ಅಂದರೆ ದನಿಯನ್ನು ಸೆಕೆಂಡಿಗೆ ಎಷ್ಟು ಸಲ ಅಳೆದು ದಾಖಲಿಸಿದೆ ಅನ್ನುವ ಲೆಕ್ಕ) ಮಾಡಿದ ಫೈಲ್ ಎಲ್ಲೋ 48,000 ಎಂದು ಓಡುತ್ತಿದೆ. ಒಂದು ನಿಮಿಷದ ಸಂಗೀತ 55 ಸೆಕೆಂಡಿಗೇ ಮುಗಿಯುತ್ತದೆ, ಶ್ರುತಿ ಹಾರ್ಮೋನಿಯಂ ಲೆಕ್ಕದಲ್ಲಿ ಸುಮಾರು ಒಂದೂವರೆ ಮನೆ ಮೇಲೆ ಹೋಗುತ್ತದೆ. ವಿಡಿಯೋ ಕೆಲಸಕ್ಕೆ ಶುರುವಿನಿಂದಲೇ 48,000 ಇಟ್ಟುಕೊಳ್ಳಿ.

ಶ್ರುತಿ ಸರಿಯಿದ್ದರೆ ಬಹುಶಃ ನಿಮ್ಮ ಹತ್ತಿರ ಇರುವುದು ಹಳೇ ಕಟ್, ಅಂದರೆ ಎಡಿಟರ್ ಮೊದಲು ಜೋಡಿಸಿದ್ದ ಆವೃತ್ತಿ. 'ಇದೇ ಫೈನಲ್' ಅಂತ ಕೊಟ್ಟ ಮೇಲೂ ಹನ್ನೆರಡು ಫ್ರೇಮ್ ಅಲ್ಲಿ, ಹತ್ತು ಫ್ರೇಮ್ ಇಲ್ಲಿ ಕತ್ತರಿಸುವುದು ಇದ್ದದ್ದೇ. ಸೆಕೆಂಡಿಗೆ 25 ಫ್ರೇಮ್ ಲೆಕ್ಕದಲ್ಲಿ ಅಷ್ಟಕ್ಕೇ ಹತ್ತಿರಹತ್ತಿರ ಒಂದು ಸೆಕೆಂಡ್ ಹೋಯಿತು. ಮೂಲೆಯಲ್ಲಿ ಟೈಮ್‌ಕೋಡ್ (ಗಂಟೆ, ನಿಮಿಷ, ಸೆಕೆಂಡ್, ಫ್ರೇಮ್ ತೋರಿಸುವ ಅಂಕಿ) ಕಾಣುವ ಹೊಸ ವಿಡಿಯೋ ಕೇಳಿ ಪಡೆಯಿರಿ, ಫೈಲ್ ಹೆಸರಿನಲ್ಲಿ ತಾರೀಖೂ ಇರಲಿ.